ಎಂಟನೇ ರೀಲಿನ ಮುದುಕ

ಸತ್ಯನಾರಾಯಣಪೇಟೆ, ಬಳ್ಳಾರಿ
ಸೋಮವಾರ, ೧೮–೫–೧೯೮೭

ಸೌಭಾಗ್ಯವತಿ ಎರ್ರಮ್ಮನಿಗೆ, ಒಂಬತ್ತು ದಿನದಿಂದ ಸೀಮೆಎಣ್ಣೆ ಸ್ಟೋವಿನ ಜೊತೆ ಒಬ್ಬನೇ ಜಗಳವಾಡುತ್ತಿರುವ ಗಾದಿಲಿಂಗಪ್ಪನ ಆಶೀರ್ವಾದಗಳು.

ಮೊದಲು ನಿನ್ನ ಮೊಣಕಾಲು ಹೇಗಿದೆ ತಿಳಿಸು. ಬಸ್ಸಿಳಿದ ಮೇಲೆ ಅಳಿಯಂದಿರು ಬಂಡಿ ಕಟ್ಟಿಸುತ್ತೇನೆಂದರೂ ಕೇಳದೆ ಗಂಟು ಹೊತ್ತುಕೊಂಡು ನಡೆದೇ ಹೋದೆಯಂತೆ; ಬಾದನಹಟ್ಟಿಯಿಂದ ಮೆಣಸಿನಕಾಯಿ ತಂದವನ ಬಾಯಲ್ಲಿ ಎಲ್ಲ ವರದಿ ಇಲ್ಲಿಗೆ ಮುಟ್ಟಿದೆ. ಬಾಣಂತನ ಮಾಡಲು ಹೋದವಳೇ ಮಂಚ ಹಿಡಿದರೆ ದಾಕ್ಷಾಯಣಿ ಯಾರ ಆರೈಕೆ ಮಾಡಬೇಕು, ಹೇಳು. ಎರಡು ಗಂಡಿನ ಮೇಲೆ ಹೆಣ್ಣು ಹುಟ್ಟಿದ್ದು ನನಗಂತೂ ಬಹಳ ಸಂತೋಷ. ಕೂಸು ನಿನ್ನ ಹಾಗೆಯೇ ಹಣೆ ಗಂಟಿಕ್ಕುತ್ತದೆ ಎಂದು ಕೇಳಿದೆ. ಅದಕ್ಕೆ ಈಗಲೇ ಬುದ್ಧಿ ಹೇಳು. ಇಲ್ಲಿ ನನ್ನ ಆರೋಗ್ಯ ಚೆನ್ನಾಗಿದೆ. ಎದೆಯ ಗುಳಿಗೆಯನ್ನು ಎರಡು ಹೊತ್ತೂ ಮರೆಯದೆ ನುಂಗುತ್ತಿದ್ದೇನೆ. ನೀನು ಬಡಿದಿಟ್ಟು ಹೋದ ಸಜ್ಜೆ ರೊಟ್ಟಿಯಲ್ಲಿ ಇನ್ನೂ ಹನ್ನೊಂದು ಉಳಿದಿವೆ, ಶೇಂಗಾ ಚಟ್ನಿ ತಳ ಕಂಡಿದೆ, ಎದುರು ಮನೆಯ ದೊಡ್ಡಬಸಮ್ಮ ದಿನಕ್ಕೊಂದು ಬಟ್ಟಲು ಸಾರು ಕೊಟ್ಟು ಅದರ ಜೊತೆಗೆ ಎರಡು ಬಟ್ಟಲು ಉಪದೇಶವನ್ನೂ ಕೊಡುತ್ತಾಳೆ. ಬಿಸಿಲು ಎಷ್ಟಿದೆಯೆಂದರೆ ಕೋಟೆ ಗುಡ್ಡದ ಬಂಡೆಗಳ ಕಾವು ಸಂಜೆ ಏಳಕ್ಕೂ ಮುಖಕ್ಕೆ ಬಡಿಯುತ್ತದೆ. ನೀನು ನಾಲ್ಕನೇ ತರಗತಿಯವರೆಗೆ ಓದಿದವಳು, ಪತ್ರ ಉದ್ದವಾದರೆ ನಡುವೆ ನಾಲ್ಕಾರು ಸಾಲು ಹಾರಿಸಿ ಕೊನೆಗೆ ಬಂದುಬಿಡುವ ಚಟ ನಿನಗಿದೆ. ಈ ಸಲ ಹಾಗೆ ಮಾಡಬೇಡ. ನಿಧಾನವಾಗಿ ಕೂಡಿಸಿಕೊಂಡು ಪೂರ್ತಿ ಓದು.

ನಿನ್ನೆ ನಿನ್ನ ಮಗ ಬಂದಿದ್ದ. ಎರಡು ವರ್ಷದಿಂದ 'ನಿನ್ನ ಮಗ' ಎಂದೇ ಅಂದು ಅಂದು ಅದೇ ಅಭ್ಯಾಸವಾಗಿದೆ, ಹಾಗೇ ಬರೆದೆ. ಕೊಟ್ಟೂರಪ್ಪ ಬ್ರೂಸ್‌ಪೇಟೆಯಲ್ಲಿ ಆ ವಿಡಿಯೋ ಅಂಗಡಿ ತೆಗೆದು, ಟಿ.ವಿ.ಯನ್ನೂ ವಿ.ಸಿ.ಆರ್. ಪೆಟ್ಟಿಗೆಯನ್ನೂ ದಿನದ ಬಾಡಿಗೆಗೆ ಮನೆಮನೆಗೆ ಕಳಿಸತೊಡಗಿದ ದಿನ ನಾನು ಅವನ ಜೊತೆ ಮಾತು ಬಿಟ್ಟವನು. ಮೂವತ್ತೊಂದು ವರ್ಷ ಕ್ಯಾಬಿನ್ನಿನಲ್ಲಿ ನಿಂತು ಜನಕ್ಕೆ ಸಿನೆಮಾ ತೋರಿಸಿದವನ ಮಗ, ನನ್ನ ಕೈಕೆಳಗೇ ಆರು ವರ್ಷ ಕೆಲಸ ಕಲಿತವನು, ಜನ ಥಿಯೇಟರಿಗೇ ಬಾರದಂತೆ ಮಾಡುವ ಪೆಟ್ಟಿಗೆ ಹೊತ್ತು ತಿರುಗುತ್ತಾನೆಂದರೆ ನನಗೆ ಹೇಗಾಗಬೇಡ. 'ಲೇ, ನಾ ಹಚ್ಚಿದ ದೀಪ ನೀ ಆರಸಾಕ ಹೊಂಟೀಯೇನು' ಎಂದು ಅವತ್ತು ಕೇಳಿದ್ದೇ ಕೊನೆಯ ಮಾತು. ಆಮೇಲೆ ಅವನು ವಾರಕ್ಕೆರಡು ಸಲ ಬಂದಾಗಲೂ ನಮ್ಮಿಬ್ಬರ ಮಾತು ನಿನ್ನ ಮೂಲಕವೇ ನಡೆಯಿತು. 'ಎರ್ರೀ, ನಿನ್ನ ಮಗಗ ಉಂಡು ಹೋಗು ಅನ್ನು' ಎಂದು ನಾನು ಗೋಡೆಗೆ ಮುಖ ಮಾಡಿ ಹೇಳುವುದು, ಅವನು 'ಯವ್ವಾ, ಉಂಡು ಬಂದೀನಿ ಅನ್ನು' ಎನ್ನುವುದು, ನೀನು ನಡುವೆ ತಲೆ ಚಚ್ಚಿಕೊಳ್ಳುವುದು. ಈಗ ನೀನಿಲ್ಲ. ಮಧ್ಯಾಹ್ನ ಹನ್ನೆರಡಕ್ಕೆ ಆಟೋದಲ್ಲಿ ಕಂಬಳಿ ಸುತ್ತಿದ ಟಿ.ವಿ. ಇಟ್ಟುಕೊಂಡು ಬಾಗಿಲಲ್ಲಿ ನಿಂತಿದ್ದ. ಏನು ಮಾಡಲಿ, ನೀರಿನ ಗಡಿಗೆಯ ಕಡೆ ತಿರುಗಿ, 'ಬಂದವರು ಒಳಗ ಬರಬೌದು, ಬಿಸಲಾಗ ಯಾಕ ನಿಂದ್ರಬೇಕು' ಎಂದೆ. ಅವನೂ ಗಡಿಗೆಗೇ ಉತ್ತರ ಕೊಟ್ಟ: 'ಅಪ್ಪಗ ಒಂದು ಪಿಚ್ಚರ್ ತಂದೀನಿ. ಮುದುಕ ಎಲ್ಲಿ ಹೋದ ಅಂತ ಮೂರು ವರ್ಷದಿಂದ ಕೇಳಾಕತ್ತಾನ. ಇದರಾಗ ಅದಾನ ಆ ಮುದುಕ.' ಅಷ್ಟು ಕೇಳಿದ ಮೇಲೆ ನಾನು ಹೇಗೆ ಬೇಡವೆನ್ನಲಿ.

ಯಾವ ಮುದುಕ ಎಂದು ನಿನಗೆ ಹೇಳಬೇಕಾಗಿಲ್ಲ, ಆದರೂ ಬರೆಯುತ್ತೇನೆ, ಮನಸ್ಸಿನಲ್ಲಿರುವುದು ಹೊರಬರಲಿ. ಎಂಬತ್ತನಾಲ್ಕರಲ್ಲಿ ನಾನು ಎದೆನೋವು ಬಂದು ಆಸ್ಪತ್ರೆಯಲ್ಲಿ ಹದಿನಾಲ್ಕು ದಿನ ಮಲಗಿ ಎದ್ದೆನಲ್ಲ, ಎದ್ದು ಬಂದ ವಾರವೇ ನಮ್ಮ ಥಿಯೇಟರಿಗೆ ಆ ಇಂಗ್ಲಿಷ್ ಚಿತ್ರ ಬಂತು. ಊರೆಲ್ಲ ಅದನ್ನು 'ಹೆಣದ ಪಿಚ್ಚರ್' ಎಂದೇ ಕರೆಯಿತು. ಒಂದು ಊರಿನಲ್ಲಿ ಸತ್ತವರೆಲ್ಲ ಮಣ್ಣಿನಿಂದೆದ್ದು ಬರುತ್ತಾರೆ, ಕಚ್ಚಿಸಿಕೊಂಡವರೂ ಸತ್ತು ಅವರಂತೆಯೇ ಆಗುತ್ತಾರೆ. ಬದುಕಿ ಉಳಿದ ಹತ್ತು ಹನ್ನೆರಡು ಜನ ಒಂದು ಹಳೆಯ ಕಾರಖಾನೆಯೊಳಗೆ ಸೇರಿಕೊಳ್ಳುತ್ತಾರೆ. ಕಥಾನಾಯಕ ಒಬ್ಬ ಲಾರಿ ಡ್ರೈವರ್. ಅವನ ಜೊತೆ ಕಾರಖಾನೆಯ ಗೇಟು ಕಾಯುವ ಮುದುಕ ಒಬ್ಬನಿದ್ದಾನೆ. ಸೊಂಟದಲ್ಲಿ ದೊಡ್ಡ ಕೀಲಿಗೊಂಚಲು, ತಲೆಗೆ ಹಳೆಯ ಟೋಪಿ, ಯಾರು ಏನು ಕೇಳಿದರೂ ಗೊಣಗಿಕೊಂಡೇ ಮಾಡಿಕೊಡುವ ಸ್ವಭಾವ. ಏಳನೇ ರೀಲಿನ ತನಕ ಅವನಿದ್ದಾನೆ. ಎಂಟನೇ ರೀಲಿನಲ್ಲಿ ಒಂದು ಸಲ ತೆರೆ ಕಪ್ಪಾಗಿ ಮತ್ತೆ ಬೆಳಕಾದಾಗ ಕೀಲಿಗೊಂಚಲು ಡ್ರೈವರನ ಕೈಯಲ್ಲಿದೆ, ಮುದುಕ ಇಲ್ಲ. ಸತ್ತನೆಂದು ಯಾರೂ ಹೇಳುವುದಿಲ್ಲ, ಓಡಿಹೋದನೆಂದೂ ಹೇಳುವುದಿಲ್ಲ. ದಿನಕ್ಕೆ ನಾಲ್ಕು ಆಟದಂತೆ ಎರಡು ವಾರ, ಐವತ್ತಾರು ಸಲ ಆ ಚಿತ್ರವನ್ನು ಕ್ಯಾಬಿನ್ನಿನ ಕಿಂಡಿಯಿಂದ ನೋಡಿದೆ, ಐವತ್ತಾರು ಸಲವೂ ಮುದುಕ ಎಲ್ಲಿ ಹೋದ ಎಂದು ಹುಡುಕಿದೆ. ಊಟಕ್ಕೆ ಕುಳಿತಾಗ ನಿನ್ನನ್ನೂ ಕೇಳುತ್ತಿದ್ದೆ. 'ಎಲ್ಲಿಗೋ ಹೋಗಿರ್ತಾನ, ಉಣ್ರಿ ಸುಮ್ನ' ಎಂದು ಮಜ್ಜಿಗೆ ತರಲು ಎದ್ದು ಹೋಗುತ್ತಿದ್ದೆ ನೀನು.

ಆ ಮುದುಕನೇ ನನ್ನ ಅನ್ನ ಕಳೆದ. ಎರಡನೇ ವಾರದ ಕೊನೆಗೆ ಮೆಡಿಕಲ್ ಓದುವ ಹುಡುಗನೊಬ್ಬ ಥಿಯೇಟರಿನ ಸಾಹುಕಾರರ ಕೋಣೆಗೆ ಹೋಗಿ, ಬೆಂಗಳೂರಿನಲ್ಲಿ ತಾನು ನೋಡಿದಾಗ ಮುದುಕನ ದೃಶ್ಯ ಇತ್ತು, ನಿಮ್ಮ ಆಪರೇಟರ್ ಕತ್ತರಿಸಿದ್ದಾನೆ ಎಂದು ದೂರು ಕೊಟ್ಟ. ಸಾಹುಕಾರರು ಎಲ್ಲರೆದುರು ನನ್ನನ್ನು ಕರೆಸಿದರು. ನಾನು ಕ್ಯಾಬಿನ್ನಿಗೆ ಹೋಗಿ ಪ್ರೊಜೆಕ್ಟರಿನ ದೀಪ ಮುಟ್ಟಿ, ಈ ಕೈ ಇದನ್ನು ಕತ್ತರಿಸಿಲ್ಲ ಎಂದು ಆಣೆ ಮಾಡಿದೆ. ಕೊಟ್ಟೂರಪ್ಪ ಪಕ್ಕದಲ್ಲೇ ನಿಂತಿದ್ದ, ನೆಲ ನೋಡುತ್ತಿದ್ದ. ಸಾಹುಕಾರರು ನಕ್ಕು, 'ಸಿರುಗುಪ್ಪದಾಗ ಬಸ್ಸಿಗೆ ಕತ್ತರಿಸಿದಾಂವ ಇಲ್ಲಿ ಬಿಟ್ಟಾನೇನು' ಎಂದರು. ಸುತ್ತ ನಿಂತವರೂ ನಕ್ಕರು. ಮರುದಿನ ನನ್ನನ್ನು ಕ್ಯಾಬಿನ್ನಿನಿಂದ ಇಳಿಸಿ ಗೇಟಿನಲ್ಲಿ ಟಿಕೆಟ್ ಹರಿಯಲು ನಿಲ್ಲಿಸುತ್ತೇನೆಂದರು. ಅವತ್ತೇ ಮನೆಗೆ ಬಂದೆ, ಮತ್ತೆ ಆ ಕಡೆ ಕಾಲಿಡಲಿಲ್ಲ.

ಸಿರುಗುಪ್ಪದಲ್ಲಿ ಕತ್ತರಿಸುತ್ತಿದ್ದುದು ನಿಜ, ಅದನ್ನು ನಾನೆಂದೂ ಮುಚ್ಚಿಟ್ಟಿಲ್ಲ. ಅದಕ್ಕೂ ಮೊದಲು ಕುರುಗೋಡಿನ ಟೆಂಟಿನಲ್ಲೂ ಕತ್ತರಿಸಿದ್ದೇನೆ. ಹಳ್ಳಿಗಳಿಗೆ ಹೋಗುವ ಕಡೆಯ ಬಸ್ಸು ಒಂಬತ್ತಕ್ಕೆ, ಸಂಜೆಯ ಆಟ ಬಿಡುವುದು ಒಂಬತ್ತೂಕಾಲಿಗೆ. ಹೊಲದ ಕೆಲಸ ಮುಗಿಸಿ ಬಂದ ಜನ ಕೊನೆಯ ಹೊಡೆದಾಟ ನೋಡದೆಯೇ ಎದ್ದು ಓಡಬೇಕಾಗಿತ್ತು. ನೋಡುವಷ್ಟು ದಿನ ನೋಡಿ, ಒಂದು ಹಾಡು, ಅರ್ಧ ಹಾಸ್ಯ ತೆಗೆದು, ಉಳಿದ ತುದಿಗಳನ್ನು ಅಂಟಿಸಿ ಜಾಯಿಂಟ್ ಹಾಕಿದೆ. ಜನ ಕೊನೆಯ ತನಕ ನೋಡಿ ಬಸ್ಸನ್ನೂ ಹಿಡಿದರು. ಕಂಡಕ್ಟರ್ ಬಂದು, 'ಇವತ್ತು ಎಷ್ಟಕ್ಕ ಬಿಡ್ತೀಯಪ' ಎಂದು ಕೇಳಿ ಹೋಗುತ್ತಿದ್ದ. ಫಿಲ್ಮಿನ ಡಬ್ಬಿ ವಾಪಸ್ ಕಳಿಸುವ ದಿನ ತೆಗೆದದ್ದನ್ನೆಲ್ಲ ಮತ್ತೆ ಸೇರಿಸಿಯೇ ಕಳಿಸುತ್ತಿದ್ದೆ. ಮದುವೆಗೆ ಮುಂಚೆ ನೀನು ಬಾದನಹಟ್ಟಿಯಿಂದ ಅಣ್ಣಂದಿರ ಜೊತೆ ಕುರುಗೋಡಿನ ಟೆಂಟಿಗೆ ಬಂದು ನೋಡಿದ ಚಿತ್ರದಲ್ಲಿ ಉಯ್ಯಾಲೆಯ ಹಾಡು ಇರಲೇ ಇಲ್ಲವೆಂದು ಇವತ್ತಿಗೂ ನನ್ನನ್ನು ಬೈಯುತ್ತೀ. ಆ ಹಾಡು ನನ್ನ ಪೆಟ್ಟಿಗೆಯಲ್ಲಿತ್ತು, ನೀನು ಬಸ್ಸಿನಲ್ಲಿದ್ದೆ. ಅದಕ್ಕೇ ಸುರಕ್ಷಿತವಾಗಿ ಮನೆ ಸೇರಿದೆ. ಇರಲಿ. ನಾನು ಹೇಳುವುದಿಷ್ಟೆ, ಕತ್ತರಿಸಿದ್ದನ್ನು ಕತ್ತರಿಸಿದೆ ಎನ್ನುವವನು ನಾನು. ಕತ್ತರಿಸದೇ ಇದ್ದುದಕ್ಕೆ ನನ್ನ ಹೆಸರು ಹೋಯಿತಲ್ಲ ಎಂಬುದೇ ಮೂರು ವರ್ಷ ನನ್ನ ಎದೆ ಕೊರೆದದ್ದು, ಆ ಎದೆನೋವಿಗಿಂತ ಹೆಚ್ಚು.

ಈಗ ನಿನ್ನೆಯ ವಿಷಯ. ಕ್ಯಾಸೆಟ್ಟಿನ ಮೇಲೆ ಬಾಲ್ ಪೆನ್ನಿನಲ್ಲಿ 'ಪೂರ್ತಿ' ಎಂದು ಬರೆದಿತ್ತು. ದುಬೈನಿಂದ ಬಂದ ಯಾರೋ ಮುಂಬೈಯಲ್ಲಿ ಕೊಟ್ಟದ್ದಂತೆ; ಚಿತ್ರ ತೆಗೆದವರೇ ಮೊದಲು ಕೈಬಿಟ್ಟದ್ದನ್ನೆಲ್ಲ ಮತ್ತೆ ಸೇರಿಸಿ ಉದ್ದ ಮಾಡಿ ಹೊರಡಿಸಿದ್ದಂತೆ. ಇದನ್ನೆಲ್ಲ ಅವನು ಗಡಿಗೆಗೆ ವಿವರಿಸಿದ, ನಾನು ಕೇಳಿಸಿಕೊಂಡೆ. ಟಿ.ವಿ.ಯನ್ನು ನಿನ್ನ ಹೊಲಿಗೆ ಮಿಷಿನ್ನಿನ ಮೇಲೆ ಇಟ್ಟ. ಬೆಳಕು ಬರುತ್ತದೆಂದು ಕಿಟಕಿಗೆ ಎರಡು ಕೌದಿ ಕಟ್ಟಿದ. ನಿನ್ನ ಹೊಸ ಕೌದಿ ಅಲ್ಲ, ಹಳೆಯವು. ದೊಡ್ಡಬಸಮ್ಮ ಕರೆಯದೆಯೇ ಬಂದು ಮುಂದೆ ಕುಳಿತಳು. ಶುರುವಾದಾಗ ತೆರೆಯ ತುಂಬ ಬಿಳಿ ಗೆರೆಗಳು. ನಾನು ಮನಸ್ಸಿನಲ್ಲೇ ನಕ್ಕೆ, ಇಷ್ಟೇ ನೋಡು ಇವರ ಪೆಟ್ಟಿಗೆಯ ಯೋಗ್ಯತೆ ಎಂದುಕೊಂಡೆ. ಆಗ ಅವನು ಮುಚ್ಚಳ ಬಿಚ್ಚಿ, ಬಿಳಿ ಬಟ್ಟೆಗೆ ಸ್ಪಿರಿಟ್ ಹಚ್ಚಿ, ಒಳಗಿನ ಉರುಳೆಯನ್ನು ಒಂದೇ ದಿಕ್ಕಿಗೆ, ಹಗುರವಾಗಿ, ಉಸಿರು ಬಿಗಿಹಿಡಿದು ಒರೆಸಿದ. ಎರ್ರೀ, ಪ್ರೊಜೆಕ್ಟರಿನಲ್ಲಿ ಫಿಲ್ಮು ಹಾಯುವ ಗೇಟನ್ನು ಹಾಗೆ ಒರೆಸಬೇಕೆಂದು ಅವನಿಗೆ ಹದಿನೆಂಟು ತುಂಬಿದಾಗ ನಾನೇ ಕಲಿಸಿದ್ದೆ. ಉಸಿರು ತಾಗಿದರೆ ಆವಿ ಕೂರುತ್ತದೆ ಎಂದು ಹೇಳಿಕೊಟ್ಟಿದ್ದೆ. ಅದನ್ನೂ ಮರೆತಿಲ್ಲ. ಚಿತ್ರ ತಿಳಿಯಾಯಿತು, ನಾನು ನಗುವುದನ್ನು ಬಿಟ್ಟೆ.

ಏನು ಚಿತ್ರ ಅದು. ಐವತ್ತಾರು ಸಲ ನೋಡಿದವನು ನಾನೇನಾ ಅನ್ನಿಸಿತು. ಕ್ಯಾಬಿನ್ನಿನಲ್ಲಿ ನಿಂತು ನೋಡಿದರೆ ಅರ್ಧ ಕಣ್ಣು ದೀಪ ಉರಿಸುವ ಕಾರ್ಬನ್ ಕಡ್ಡಿಯ ಮೇಲೆ, ಅರ್ಧ ಕಿವಿ ಮಿಷಿನ್ನಿನ ಸದ್ದಿನ ಮೇಲೆ. ಕುಳಿತು ನೋಡಿದ್ದು ಇದೇ ಮೊದಲು. ಸತ್ತವರು ಎಷ್ಟು ನಿಧಾನ ಬರುತ್ತಾರೆ ಗೊತ್ತೇ? ಓಡುವುದಿಲ್ಲ, ಕೂಗುವುದಿಲ್ಲ, ಜಾತ್ರೆ ಮುಗಿಸಿ ದಣಿದು ಊರಿಗೆ ಮರಳುವವರ ಹಾಗೆ ಕಾಲೆಳೆದುಕೊಂಡು ಬರುತ್ತಾರೆ. ಅದಕ್ಕೇ ಹೆಚ್ಚು ಭಯ. ಒಬ್ಬ ಕ್ಷೌರಿಕ ಸತ್ತ ಮೇಲೂ ಕೈಯಲ್ಲಿ ಕತ್ತರಿ ಆಡಿಸುತ್ತಾ ನಡೆಯುತ್ತಾನೆ, ಒಬ್ಬ ಟಪಾಲಿನವನು ಖಾಲಿ ಚೀಲಕ್ಕೆ ಕೈ ಹಾಕುತ್ತಾ ಬರುತ್ತಾನೆ. ಅವರವರ ಕೆಲಸ ಅವರವರ ಕೈ ಮರೆತಿಲ್ಲ. ನಮ್ಮ ಪ್ರಿಂಟಿನಲ್ಲಿ ಇವೆಲ್ಲ ಇರಲಿಲ್ಲ, ಹೊಡೆದಾಟ ಮಾತ್ರ ಇತ್ತು. ಇಲ್ಲಿ ಹೊಡೆದಾಟಕ್ಕೆ ಮುಂಚೆ ಡ್ರೈವರ್ ಕೂತು ಲಾರಿಯ ನಟ್ಟು ಬಿಗಿಯುವುದನ್ನು ಒಂದು ನಿಮಿಷ ತೋರಿಸುತ್ತಾರೆ. ಪಾನಾ ಎರಡು ಸಲ ಜಾರುತ್ತದೆ. ಅದನ್ನು ನೋಡಿದ ಮೇಲೆ ಆಮೇಲಿನ ಹೊಡೆದಾಟವೇ ಬೇರೆ, ಹೊಡೆಯುವವನು ನಮ್ಮವನಾಗಿಬಿಡುತ್ತಾನೆ. ನಿಧಾನವಾದದ್ದನ್ನೆಲ್ಲ ಜನ ಕೇಳುವುದಿಲ್ಲವೆಂದು ಆಯ್ದು ಆಯ್ದು ಕತ್ತರಿಸಿದವನು ನಾನು. ಯಾವುದನ್ನು ತೆಗೆದರೆ ಯಾರಿಗೂ ಗೊತ್ತಾಗುವುದಿಲ್ಲ ಎಂದು ಹೆಮ್ಮೆಪಟ್ಟಿದ್ದೆನೋ ಅದರಲ್ಲೇ ಚಿತ್ರದ ಜೀವ ಇರಬಹುದು ಎಂದು ಐವತ್ತೊಂಬತ್ತನೇ ವಯಸ್ಸಿನಲ್ಲಿ, ನಿನ್ನ ಹೊಲಿಗೆ ಮಿಷಿನ್ನಿನ ಎದುರು ಕುಳಿತು ತಿಳಿದುಕೊಂಡೆ. ನೀನು ಊರಿಗೆ ಬಂದಾಗ ಉಯ್ಯಾಲೆಯ ಹಾಡಿಗೆ ನಿನ್ನ ಕ್ಷಮೆ ಕೇಳುತ್ತೇನೆ.

ದೊಡ್ಡಬಸಮ್ಮ ಹೆದರಲೇ ಇಲ್ಲ. ಮೊದಲ ಹೆಣ ಮಣ್ಣಿನಿಂದ ಕೈ ಹೊರಹಾಕಿದಾಗಲೇ ಅವಳು ವಿಷಯ ತೀರ್ಮಾನಿಸಿದಳು. 'ಅವರ ತಪ್ಪ ಅದು. ಮಲಗಿಸಿ ಮಣ್ಣು ಮಾಡ್ಯಾರ, ನಿದ್ದಿ ಮುಗದ ಮ್ಯಾಲೆ ಎದ್ದು ಬರ್ತಾರ. ನಮ್ಮವರಂಗ ಕುಂದ್ರಿಸಿ, ಇಭೂತಿ ಹಚ್ಚಿ, ಕೈಯಾಗ ಲಿಂಗ ಕೊಟ್ಟು ಕಳಿಸಿದ್ರ ಯಾವಾಂವ ಏಳ್ತಾನ' ಎಂದಳು. ಆಮೇಲೆ ಪ್ರತಿಯೊಂದು ಹೆಣ ಬಂದಾಗಲೂ 'ನೋಡು, ಇವನ್ನೂ ಮಲಗಿಸ್ಯಾರ' ಎಂದು ಬೈಯುತ್ತಲೇ ಇದ್ದಳು. ಕೊಟ್ಟೂರಪ್ಪ ಬಾಯಿಗೆ ಟವೆಲು ಒತ್ತಿಕೊಂಡು ನಗುತ್ತಿದ್ದ. ನನಗೂ ನಗು ತಡೆಯಲಾಗಲಿಲ್ಲ. ಎರಡು ವರ್ಷದ ಮೇಲೆ ಇಬ್ಬರೂ ಒಂದೇ ಕೋಣೆಯಲ್ಲಿ ನಕ್ಕೆವು, ಒಬ್ಬರ ಮುಖ ಒಬ್ಬರು ನೋಡದೆ.

ಆಮೇಲೆ ಮುದುಕ ಬಂದ. ಎಂಟನೇ ರೀಲಿನ ಆ ಕಪ್ಪು ಜಾಗ ಬಂದಾಗ ನನ್ನ ಕೈ ತಾನಾಗಿ ಬೆರಳು ಎಣಿಸತೊಡಗಿತು. ಕಪ್ಪು ಮುಗಿದು ಬೆಳಕಾದರೆ, ಕೀಲಿಗೊಂಚಲು ಇನ್ನೂ ಮುದುಕನ ಸೊಂಟದಲ್ಲೇ ಇದೆ. ಅವನನ್ನು ಒಂದು ಹೆಣ ಕಚ್ಚಿದೆ. ಯಾರಿಗೂ ಹೇಳದೆ ಅಂಗಿಯ ತೋಳನ್ನು ಮಣಿಕಟ್ಟಿನ ತನಕ ಇಳಿಸಿ ಗುಂಡಿ ಹಾಕಿಕೊಳ್ಳುತ್ತಾನೆ. ಎಲ್ಲರನ್ನೂ ಗೊಣಗಿ ಗೊಣಗಿ ಒಳಗೆ ಕಳಿಸುತ್ತಾನೆ. ಡ್ರೈವರ್ ಕೊನೆಯವನು, ಅವನನ್ನೂ ಒಳಕ್ಕೆ ತಳ್ಳಿ, ತಾನು ಹೊರಗೇ ಉಳಿದು ಗೇಟಿಗೆ ಬೀಗ ಹಾಕಿ, ಸರಳುಗಳ ನಡುವಿನಿಂದ ಕೀಲಿಗೊಂಚಲನ್ನು ಒಳಗೆ ಎಸೆಯುತ್ತಾನೆ. ಸಂಗೀತ ಇಲ್ಲ. ಕಲ್ಲು ನೆಲದ ಮೇಲೆ ಕೀಲಿ ಬಿದ್ದ ಸದ್ದು ಮಾತ್ರ. ಡ್ರೈವರ್ ಗೇಟು ಹಿಡಿದು ಅಲುಗಾಡಿಸಿದರೂ ಮುದುಕ ತಿರುಗಿ ನೋಡುವುದಿಲ್ಲ. ದಿನಾ ಕೂರುತ್ತಿದ್ದ ಸ್ಟೂಲನ್ನು ಎಳೆದುಕೊಂಡು, ಟೋಪಿ ಸರಿಪಡಿಸಿಕೊಂಡು, ಗೇಟಿಗೆ ಬೆನ್ನು ಕೊಟ್ಟು ಕೂರುತ್ತಾನೆ. ರಸ್ತೆಯ ಆ ತುದಿಯಲ್ಲಿ ಅವರು ಬರುತ್ತಿದ್ದಾರೆ. ಅಷ್ಟೆ, ಮತ್ತೆ ಕಪ್ಪು. ನನ್ನ ಗಡಿಯಾರದಲ್ಲಿ ಎರಡೂವರೆ ನಿಮಿಷ. ನನಗೆ ಕಣ್ಣು ಮಂಜಾಯಿತು, ಸುಳ್ಳೇಕೆ ಹೇಳಲಿ. ದೊಡ್ಡಬಸಮ್ಮ ಮೊದಲ ಸಲ ಮೆಲ್ಲಗೆ, 'ಈ ಯಜಮಾನ ಕುಂತಾನ ನೋಡು. ಇಂವ ಏಳಂಗಿಲ್ಲ' ಎಂದು ಸೆರಗಿನಿಂದ ಮೂಗು ಒರೆಸಿಕೊಂಡಳು. ಕೊಟ್ಟೂರಪ್ಪ ಮಾತ್ರ ನೋಡಲಿಲ್ಲ. ಆ ದೃಶ್ಯ ಶುರುವಾಗುತ್ತಿದ್ದಂತೆ ನೀರು ಕುಡಿಯಬೇಕೆಂದು ಹಿತ್ತಲಿಗೆ ಹೋದವನು ಮುಗಿದ ಮೇಲೇ ಬಂದ. ಮೊದಲೇ ನೋಡಿರುತ್ತಾನೆ, ಬೇಸರ ಬಂದಿರಬೇಕು. ನೀರಿನ ಗಡಿಗೆ ಒಳಗೇ ಇತ್ತು.

ನಿನಗೆ ಅರ್ಥವಾಯಿತಲ್ಲ? ನಮ್ಮ ಪ್ರಿಂಟು ಒಂದು ಗಂಟೆ ಮೂವತ್ತೆಂಟು ನಿಮಿಷ ಇತ್ತು. ಇದು ಎರಡು ಗಂಟೆ ನಾಲ್ಕು ನಿಮಿಷ ಓಡಿತು, ನಾನೇ ಗಡಿಯಾರ ಹಿಡಿದು ನೋಡಿದ್ದೇನೆ. ಮುದುಕನ ದೃಶ್ಯ ಆ ಹೆಚ್ಚಿನ ಇಪ್ಪತ್ತಾರು ನಿಮಿಷದಲ್ಲಿದೆ, ಅಂದರೆ ನಮ್ಮ ದೇಶಕ್ಕೆ ಬಂದ ಪ್ರಿಂಟುಗಳಲ್ಲಿ ಅದು ಇರಲೇ ಇಲ್ಲ. ಆ ಮೆಡಿಕಲ್ ಹುಡುಗ ಬೆಂಗಳೂರಿನಲ್ಲಿ ಯಾರದೋ ಮನೆಯಲ್ಲಿ ಇಂಥದ್ದೇ ಕ್ಯಾಸೆಟ್ಟು ನೋಡಿ ಬಂದು ಥಿಯೇಟರಿನಲ್ಲಿ ನೋಡಿದೆನೆಂದು ಹೇಳಿದ್ದಾನೆ. ನಾನು ಆಣೆ ಮಾಡಿದ್ದು ನಿಜವಾಯಿತು. ಬುಧವಾರ ಬೆಳಿಗ್ಗೆ ಈ ಟಿ.ವಿ., ಪೆಟ್ಟಿಗೆ, ಕ್ಯಾಸೆಟ್ಟು ಎಲ್ಲವನ್ನೂ ಆಟೋದಲ್ಲಿ ಹಾಕಿಕೊಂಡು ಸಾಹುಕಾರರ ಮನೆಗೇ ಹೋಗಿ, ಅವರ ಪಡಸಾಲೆಯಲ್ಲಿ ಇಟ್ಟು ತೋರಿಸುತ್ತೇನೆ. ಅವತ್ತು ನಕ್ಕವರನ್ನೆಲ್ಲ ಕರೆಯಲಿ. ಗಾದಿಲಿಂಗಪ್ಪ ಕತ್ತರಿಸಿರಲಿಲ್ಲ ಎಂದು ಅವರ ಬಾಯಿಂದ ಒಂದು ಮಾತು ಬಂದರೆ ಸಾಕು, ಬೇರೇನೂ ಬೇಡ. ಗಡಿಗೆಗೆ ಹೇಳಿದ್ದೇನೆ, ಬುಧವಾರಕ್ಕೆ ಪೆಟ್ಟಿಗೆ ಬೇರೆ ಯಾರಿಗೂ ಕೊಡಬಾರದು ಎಂದು. ಅವನು ತಲೆ ಬಗ್ಗಿಸಿ ಹೋದ. ಇವತ್ತು ಮಧ್ಯಾಹ್ನ ಬರುತ್ತೇನೆಂದಿದ್ದಾನೆ. ಅವನ ಪೆಟ್ಟಿಗೆಯಿಂದಲೇ ನನ್ನ ಹೆಸರು ತಿರುಗಿ ಬರುವುದಾದರೆ ಅವನ ಜೊತೆ ಮಾತಾಡಬಹುದೇನೋ ಎಂದು ಯೋಚಿಸುತ್ತಿದ್ದೇನೆ. ನೀನು ಏನು ಹೇಳುತ್ತೀಯೋ ಬರೆ.

ದಾಕ್ಷಾಯಣಿ ತಣ್ಣೀರು ಮುಟ್ಟದಿರಲಿ, ಕಿವಿಗೆ ಹತ್ತಿ ಇಟ್ಟುಕೊಳ್ಳಲಿ. ಮೂರೂ ಮಕ್ಕಳು ನೂರು ವರ್ಷ ಬಾಳಲಿ, ಸಣ್ಣದಕ್ಕೆ ನನ್ನ ಪರವಾಗಿ ಒಂದು ಮುತ್ತು ಹೆಚ್ಚು ಕೊಡು. ಅಳಿಯಂದಿರಿಗೆ ಶರಣು ತಿಳಿಸು. ನಿನ್ನ ಮೊಣಕಾಲಿಗೆ ಬೇವಿನೆಣ್ಣೆ ತಿಕ್ಕಿಕೋ, ಬೇಗ ಬಾ. ಮನೆಯಲ್ಲಿ ಬೈಯುವವರಿಲ್ಲದೆ ಬಿಕೋ ಎನ್ನುತ್ತದೆ.

ನಿನ್ನ,
ಗಾದಿಲಿಂಗಪ್ಪ
ಆಪರೇಟರ್

ತಾ.ಕ.: ಅಂಟು ಹಚ್ಚುವುದರೊಳಗೆ ಕೊಟ್ಟೂರಪ್ಪ ಬಂದ. ಅವಸರದಲ್ಲಿ ಬರೆಯುತ್ತಿದ್ದೇನೆ, ಟಪಾಲು ಡಬ್ಬಿ ತೆಗೆಯುವ ಹೊತ್ತಾಯಿತು. ನಾನೇ ಮೊದಲು ಬಾಯಿಬಿಟ್ಟು, 'ಕೊಟ್ರಾ, ನೋಡಿದೇನು, ನಾ ಕತ್ತರಿಸಿರಲಿಲ್ಲ' ಎಂದೆ. ಅವನು ಹೊಸ್ತಿಲ ಒಳಗೆ ಕುಳಿತು ಒಂದು ಬಿಸ್ಕತ್ತಿನ ಡಬ್ಬಿ ನನ್ನ ಮುಂದಿಟ್ಟ. 'ಅಪ್ಪಾ, ಸಾಹುಕಾರರ ಮನಿಗೆ ಹೋಗಬ್ಯಾಡ. ಮುದುಕ ನಮ್ಮ ಪ್ರಿಂಟಿನಾಗೂ ಇದ್ದ. ನಾನ ಕತ್ತರಿಸೀನಿ' ಎಂದ. ಡಬ್ಬಿಯಲ್ಲಿ ಆ ಎರಡೂವರೆ ನಿಮಿಷದ ಫಿಲ್ಮು ಸುತ್ತಿ ಇಟ್ಟಿತ್ತು. ನಾನು ಆಸ್ಪತ್ರೆಯಿಂದ ಬಂದ ವಾರ ಆ ಚಿತ್ರದ ಡಬ್ಬಿಗಳನ್ನು ತರಲು ಗುಂತಕಲ್ಲಿಗೆ ಅವನೇ ಹೋಗಿದ್ದನಲ್ಲ, ಅಲ್ಲಿ ಕೊನೆಯ ಆಟ ನೋಡಿದನಂತೆ. 'ಆಸ್ಪತ್ರ್ಯಾಗ ನೀ ಕ್ಯಾಬಿನ್ನಿನ ಕೀಲಿ ನನ್ನ ಕೈಯಾಗ ಇಟ್ಟು ಇನ್ನ ನೀನ ನಡಸು ಅಂದಿದ್ದಿ. ಆ ಮುದುಕ ಕೀಲಿ ಒಗದಾಗ ನನಗ ಅಲ್ಲಿ ಕುಂದ್ರಾಕ ಆಗಲಿಲ್ಲ. ಅದನ್ನ ನೀ ದಿನಕ್ಕ ನಾಕು ಸಲ ನೋಡಬೇಕಲ್ಲ ಅಂತ ತಗದೆ' ಎಂದ. ಚಿತ್ರ ವಾಪಸ್ ಹೋಗುವ ದಿನ ಸೇರಿಸಬೇಕೆಂದಿದ್ದನಂತೆ, ನನ್ನಂತೆಯೇ. ಅಷ್ಟರಲ್ಲಿ ದೂರು ಬಂತು. ನಾನು ಆಣೆ ಮಾಡಿದ್ದನ್ನು ನೋಡಿ ಅವನಿಗೆ ಬಾಯಿ ಬರಲಿಲ್ಲ. ನನ್ನನ್ನು ಇಳಿಸಿದ ಕ್ಯಾಬಿನ್ನಿನಲ್ಲಿ ನಿಲ್ಲಲಾರದೆ ಕೆಲಸ ಬಿಟ್ಟನಂತೆ, ವಿಡಿಯೋ ಆಸೆಗೆ ಅಲ್ಲ. ನಾನು ಕೈಯೆತ್ತಿದೆ, ಅವನು ಅಲುಗಲಿಲ್ಲ. ಆ ಕೈಯಿಂದಲೇ ಅವನ ತಲೆ ಮುಟ್ಟಿದೆ. ನಿನಗೂ ಮೂರು ವರ್ಷದಿಂದ ಗೊತ್ತಿತ್ತಂತೆ. ಮಜ್ಜಿಗೆ ತರಲು ಯಾಕೆ ಎದ್ದು ಹೋಗುತ್ತಿದ್ದೆ ಎಂದು ಈಗ ತಿಳಿಯಿತು, ಬಂದ ಮೇಲೆ ವಿಚಾರಿಸಿಕೊಳ್ಳುತ್ತೇನೆ. ಬುಧವಾರ ನಾನು ಎಲ್ಲಿಗೂ ಹೋಗುವುದಿಲ್ಲ. ಸಾಹುಕಾರರ ಲೆಕ್ಕದಲ್ಲಿ ನಾನೇ ಕತ್ತರಿಸಿದವನಾಗಿ ಇರಲಿ, ಈ ಮನೆಯ ಕೈಯೇ ತಾನೆ ಅದು. ಒಂದು ಮಾತು ಮಾತ್ರ. ಪ್ರತಿ ಆಟದ ನಂತರ ರೀಲು ಹಿಂದಕ್ಕೆ ಸುತ್ತುವಾಗ ಅಂಚಿನ ಮೇಲೆ ಹೆಬ್ಬೆರಳು ಇಟ್ಟು ಜಾಯಿಂಟು ಹುಡುಕುವವನು ನಾನು. ಕಣ್ಣು ಮುಚ್ಚಿದರೂ ಈ ಬೆರಳಿಗೆ ಸಿಗದ ಜಾಯಿಂಟಿಲ್ಲ ಎಂದು ಸಿರುಗುಪ್ಪದಿಂದ ಬಳ್ಳಾರಿಯವರೆಗೆ ಹೇಳಿಕೊಂಡು ಬಂದಿದ್ದೆ. ಕಪ್ಪಿನಿಂದ ಕಪ್ಪಿಗೆ ಅವನು ಹಾಕಿದ ಆ ಜಾಯಿಂಟಿನ ಮೇಲೆ ನನ್ನ ಹೆಬ್ಬೆರಳು ಐವತ್ತಾರು ಸಲ ಹಾದುಹೋಗಿದೆ, ಒಂದು ಸಲವೂ ತಡೆಯಲಿಲ್ಲ. ಅಂಥದ್ದನ್ನು ಮೂವತ್ತೊಂದು ವರ್ಷದಲ್ಲಿ ನಾನು ಒಂದೂ ಹಾಕಿಲ್ಲ. ಇದನ್ನು ಅವನಿಗೆ ನೀನು ಬರೆಯಬೇಡ. ಒಳಗೆ ರೊಟ್ಟಿ ತಿನ್ನುತ್ತಿದ್ದಾನೆ, ಡಬ್ಬಿಗೆ ಪತ್ರ ಹಾಕಿ ಬಂದು ನಾನೇ ಹೇಳುತ್ತೇನೆ.